ಓಮ್ನಿಯಲ್ಲಿ ಫ್ಯೂಸ್ ಪದೇ ಪದೇ ಹೋಗುತ್ತಿದ್ದರೆ: ರಿಲೇ ಕೊಳ್ಳುವ ಮೊದಲು ನೋಡಬೇಕಾದ್ದು

ನಿಮ್ಮ ಪ್ರಶ್ನೆ ನನಗೆ ಅರ್ಥವಾದಂತೆ ಹೀಗಿದೆ: 2008ರ ಮಾರುತಿ ಓಮ್ನಿ, ಎಂಪಿಎಫ್‌ಐ (ಕಾರ್ಬುರೇಟರ್ ಬದಲು ಇಂಜೆಕ್ಟರಿನಿಂದ ಪೆಟ್ರೋಲ್ ಸಿಂಪಡಿಸುವ) ಎಂಜಿನ್. ಹಾರ್ನ್ ಮತ್ತು ಬ್ರೇಕ್ ಲೈಟ್ ಒಟ್ಟೊಟ್ಟಿಗೇ ನಿಂತುಹೋಗುತ್ತವೆ. ಹೊಸ 15 ಆಂಪ್ ಫ್ಯೂಸ್ ಹಾಕಿದರೆ ಒಮ್ಮೊಮ್ಮೆ ವಾರ ಬಾಳುತ್ತದೆ, ಒಮ್ಮೊಮ್ಮೆ ಊರ ಗಡಿ ದಾಟುವುದರೊಳಗೆ ಹೋಗುತ್ತದೆ. ಗ್ಯಾರೇಜಿನವರು 30 ಆಂಪ್ ಸಿಕ್ಕಿಸಿ ‘ಇನ್ನು ಹೋಗಲ್ಲ ಬಿಡಿ’ ಅಂದಿದ್ದಾರೆ. ಇದರ ಜೊತೆಗೆ ರಾತ್ರಿ ಹತ್ತು ನಿಮಿಷ ಓಡಿಸಿದ ಮೇಲೆ ಎರಡೂ ಹೆಡ್‌ಲೈಟ್ ಆರುತ್ತವೆ, ಗಾಡಿ ನಿಲ್ಲಿಸಿ ಸ್ವಲ್ಪ ಹೊತ್ತು ಬಿಟ್ಟರೆ ಮತ್ತೆ ಹತ್ತುತ್ತವೆ. ಯಾವ ರಿಲೇ (ಸಣ್ಣ ಕರೆಂಟಿನಿಂದ ದೊಡ್ಡ ಕರೆಂಟನ್ನು ಹಾಕಿ ತೆಗೆಯುವ ಸ್ವಿಚ್) ಬದಲಿಸಬೇಕು ಎಂದು ಕೇಳಿದ್ದೀರಿ.

ಎರಡಕ್ಕೂ ರಿಲೇ ಕಾರಣ ಇರಲಾರದು. ಮೊದಲನೆಯದರಲ್ಲಿ ಎಲ್ಲೋ ಒಂದು ವೈರ್ ಗಾಡಿಯ ಬಾಡಿಯ ತಗಡಿಗೆ ತಾಗಿ ಶಾರ್ಟ್ ಆಗುತ್ತಿದೆ, ಇಲ್ಲವೇ ಲೋಡ್ ಹೆಚ್ಚಾಗಿದೆ. ಎರಡನೆಯದರಲ್ಲಿ ಒಂದು ಜೋಡಣೆ ಸಡಿಲವಾಗಿ ಬಿಸಿಯಾಗುತ್ತಿದೆ. ಹೋದ ಫ್ಯೂಸು ತಣ್ಣಗಾದ ಮೇಲೆ ತಾನಾಗಿ ಕೂಡಿಕೊಳ್ಳುವುದಿಲ್ಲವಲ್ಲ; ಆರಿದ ದೀಪ ಮತ್ತೆ ಹತ್ತುತ್ತಿದೆ ಅಂದರೆ ಹೆಡ್‌ಲೈಟಿನ ಫ್ಯೂಸ್ ಸರಿಯಾಗಿಯೇ ಇದೆ.

ಇದನ್ನು ಓದಿ ಮುಗಿಸುವ ಮೊದಲೇ ಆ 30 ಆಂಪ್ ಕಿತ್ತು 15 ಹಾಕಿ. ಫ್ಯೂಸ್ ಇರುವುದು ಹಾರ್ನನ್ನೋ ಬಲ್ಬನ್ನೋ ಕಾಪಾಡುವುದಕ್ಕಲ್ಲ, ಅಲ್ಲಿಗೆ ಹೋಗುವ ವೈರನ್ನು ಕಾಪಾಡುವುದಕ್ಕೆ. 15 ಆಂಪಿಗೆಂದು ಎಳೆದ ವೈರಿಗೆ 30 ಹಾಕಿದರೆ ಮುಂದಿನ ಸಲ ಶಾರ್ಟ್ ಆದಾಗ ಕರಗುವುದು ವೈರಿನ ಮೇಲಿನ ಪ್ಲಾಸ್ಟಿಕ್ಕು, ಅದರ ಜೊತೆ ಅದೇ ಕಟ್ಟಿನಲ್ಲಿರುವ ಬೇರೆ ವೈರುಗಳು. ಓಮ್ನಿಯಲ್ಲಿ ಎಂಜಿನ್ ಇರುವುದು ನೀವು ಕೂತ ಸೀಟಿನ ಅಡಿಯಲ್ಲೇ, ಪೆಟ್ರೋಲ್ ಪೈಪೂ ಅಲ್ಲೇ. ಗ್ಯಾಸ್ ಕಿಟ್ ಇದ್ದರೆ ಇನ್ನೂ ಒಂದು ಸೇರಿತು.

ಫ್ಯೂಸ್ ಬಾಕ್ಸ್ ಡ್ಯಾಶ್‌ಬೋರ್ಡಿನ ಕೆಳಗೆ, ಡ್ರೈವರ್ ಮೊಣಕಾಲಿನ ಕಡೆ ಸಿಗುತ್ತದೆ. ಟಾರ್ಚ್ ಹಿಡಿದು ಬಗ್ಗಿ ನೋಡಿ. ಮುಚ್ಚಳದ ಮೇಲೆ ಯಾವ ಫ್ಯೂಸ್ ಯಾವುದಕ್ಕೆ ಎಂದು ಬರೆದಿರುತ್ತದೆ. ಮುಚ್ಚಳ ಕಳೆದುಹೋಗಿದ್ದರೆ (ಹಳೇ ಗಾಡಿಯಲ್ಲಿ ಬಹುಪಾಲು ಕಳೆದೇ ಹೋಗಿರುತ್ತದೆ) ಒಂದೊಂದಾಗಿ ಕಿತ್ತು, ಏನು ನಿಂತಿತು ಎಂದು ನೋಡಿ, ಒಂದು ಕಾಗದಕ್ಕೆ ಬರೆದು ಅಲ್ಲೇ ಅಂಟಿಸಿ. ಇದಲ್ಲದೆ ಬ್ಯಾಟರಿಯ ಪ್ಲಸ್‌ನಿಂದ ಹೊರಡುವ ದಪ್ಪ ಕೆಂಪು ವೈರಿನ ಜಾಡು ಹಿಡಿದು ಹೋದರೆ ಮುಖ್ಯ ಫ್ಯೂಸ್ ಅಥವಾ ಫ್ಯೂಸಿಬಲ್ ಲಿಂಕ್ (ಫ್ಯೂಸಿನಂತೆಯೇ ಕರಗುವ ವೈರ್ ತುಂಡು) ಸಿಗುತ್ತದೆ. ಸ್ಟೀರಿಯೊ, ಫಾಗ್ ಲ್ಯಾಂಪ್, ಗ್ಯಾಸ್ ಕಿಟ್ ಕೂರಿಸಿದವರು ದಾರಿ ಮಧ್ಯೆ ಹಾಕಿದ ಫ್ಯೂಸುಗಳು ಯಾವ ನಕ್ಷೆಯಲ್ಲೂ ಇರುವುದಿಲ್ಲ, ಅವುಗಳನ್ನು ವೈರ್ ಹಿಡಿದೇ ಹುಡುಕಬೇಕು. ರಿಲೇ ಹುಡುಕುವುದು ಸುಲಭ. ಒಬ್ಬರು ಸ್ವಿಚ್ ಹಾಕಿ ತೆಗೆಯುತ್ತಿರಲಿ, ನೀವು ಸಣ್ಣ ಚೌಕದ ಡಬ್ಬಿಗಳ ಮೇಲೆ ಒಂದೊಂದಾಗಿ ಬೆರಳಿಡಿ. ‘ಟಿಕ್’ ಎಂದು ಬೆರಳಿಗೆ ತಾಗಿದ್ದೇ ನಿಮ್ಮ ರಿಲೇ.

ಬೇಕಾದ ಸಾಮಾನು ಕಡಿಮೆ: 12 ವೋಲ್ಟಿನ ಟೆಸ್ಟ್ ಲ್ಯಾಂಪ್, ಒಂದು ಡಿಜಿಟಲ್ ಮಲ್ಟಿಮೀಟರ್, ಹೋಲ್ಡರ್ ಸಮೇತ 21 ವ್ಯಾಟಿನ ಬ್ರೇಕ್ ಬಲ್ಬ್ ಒಂದು, ಎರಡು ತುಂಡು ವೈರ್, ಬ್ಯಾಟರಿ ಟರ್ಮಿನಲ್ಲಿಗೆ 10ರ ಸ್ಪ್ಯಾನರ್.

ಫ್ಯೂಸನ್ನು ಕೀಳದೆಯೇ ಪರೀಕ್ಷಿಸಬಹುದು. ಬ್ಲೇಡ್ ಫ್ಯೂಸಿನ ನೆತ್ತಿಯ ಮೇಲೆ ಎರಡು ಸಣ್ಣ ಲೋಹದ ಚುಕ್ಕೆ ಕಾಣುತ್ತವೆ. ಟೆಸ್ಟ್ ಲ್ಯಾಂಪಿನ ಕ್ಲಿಪ್ಪನ್ನು ಬಣ್ಣವಿಲ್ಲದ ಬಾಡಿ ಬೋಲ್ಟಿಗೆ ಹಾಕಿ, ಕೀ ಆನ್ ಮಾಡಿ, ಎರಡೂ ಚುಕ್ಕೆ ಮುಟ್ಟಿ. ಎರಡರಲ್ಲೂ ಹತ್ತಿದರೆ ಫ್ಯೂಸ್ ಸರಿ. ಒಂದರಲ್ಲಿ ಮಾತ್ರ ಹತ್ತಿದರೆ ಹೋಗಿದೆ. ಎರಡರಲ್ಲೂ ಇಲ್ಲವೆಂದರೆ ಫ್ಯೂಸಿಗೇ ಕರೆಂಟ್ ಬರುತ್ತಿಲ್ಲ, ಹಿಂದಕ್ಕೆ ಹೋಗಿ ಮುಖ್ಯ ಫ್ಯೂಸ್, ಇಗ್ನಿಷನ್ ಸ್ವಿಚ್ ನೋಡಿ. ಬರೀ ಕಣ್ಣಲ್ಲಿ ನೋಡಿ ‘ಚೆನ್ನಾಗಿದೆ’ ಅನ್ನಬೇಡಿ. ಕಾಲಿನ ಬುಡದಲ್ಲಿ ಕೂದಲೆಳೆಯಷ್ಟು ಬಿರುಕಿದ್ದರೆ ಕಣ್ಣಿಗೆ ಬೀಳುವುದಿಲ್ಲ.

ಸುಟ್ಟ ಫ್ಯೂಸನ್ನು ಎಸೆಯುವ ಮೊದಲು ಬೆಳಕಿಗೆ ಹಿಡಿಯಿರಿ. ಒಳಗಿನ ಕಿಟಕಿ ಕಪ್ಪಾಗಿ, ಲೋಹ ಸಿಡಿದು ಚುಕ್ಕೆ ಚುಕ್ಕೆಯಾಗಿದ್ದರೆ ಅದು ನೇರ ಶಾರ್ಟ್. ಪ್ಲಾಸ್ಟಿಕ್ ಸ್ವಚ್ಛವಾಗಿದ್ದು ಪಟ್ಟಿ ಮಧ್ಯೆ ಮಾತ್ರ ಮೆಲ್ಲಗೆ ಕರಗಿ ಬಿಟ್ಟುಕೊಂಡಿದ್ದರೆ ಹೆಚ್ಚು ಲೋಡ್. ಪಟ್ಟಿ ಪೂರ್ತಿ ಇದ್ದು ಒಂದು ಕಾಲಿನ ಸುತ್ತ ಪ್ಲಾಸ್ಟಿಕ್ ಕಂದಿ ಊದಿಕೊಂಡಿದ್ದರೆ ಫ್ಯೂಸಿನದೇನೂ ತಪ್ಪಿಲ್ಲ, ಅದು ಕೂರುವ ಕ್ಲಿಪ್ ಸಡಿಲವಾಗಿದೆ. ಈ ಮೂರನೆಯದನ್ನು ಜನ ‘ಫ್ಯೂಸ್ ಕಳಪೆ’ ಎಂದು ಬದಲಿಸುತ್ತಲೇ ಇರುತ್ತಾರೆ.

ಇನ್ನೊಂದು ಮಾತು. 15 ಆಂಪ್ ಎಂದರೆ 15 ದಾಟಿದ ಕ್ಷಣಕ್ಕೆ ಹೋಗುತ್ತದೆ ಎಂದಲ್ಲ. ಈ ಬ್ಲೇಡ್ ಫ್ಯೂಸುಗಳು ತಮ್ಮ ಅಳತೆಯ 135 ಪ್ರತಿಶತದಲ್ಲಿ, ಅಂದರೆ ಸುಮಾರು 20 ಆಂಪಿನಲ್ಲಿ, ಹತ್ತು ನಿಮಿಷದವರೆಗೂ ತಾಳಬಹುದು. ಎರಡು ಪಟ್ಟಾದರೆ 5 ಸೆಕೆಂಡಿನೊಳಗೆ ಹೋಗುತ್ತವೆ. ನಿಮ್ಮ ಗಾಡಿಗೆ ಯಾರಾದರೂ ಜೋಡಿ ವಿಂಡ್‌ಟೋನ್ ಹಾರ್ನ್ ಹಾಕಿಸಿದ್ದರೆ ಅದೇ 8–10 ಆಂಪ್ ಎಳೆಯುತ್ತದೆ. ಎರಡು ಬ್ರೇಕ್ ಬಲ್ಬ್ ಸೇರಿ 42 ವ್ಯಾಟ್, ಅಂದರೆ ಮೂರೂವರೆ ಆಂಪ್. ಬ್ರೇಕ್ ಒತ್ತಿ ಹಾರ್ನ್ ಹೊಡೆಯುವುದು ನಮ್ಮ ರಸ್ತೆಯಲ್ಲಿ ಒಟ್ಟಿಗೇ ಆಗುವ ಕೆಲಸ. 15ರ ಫ್ಯೂಸಿಗೆ ಆಗ ಉಸಿರಾಡಲು ಜಾಗವೇ ಇರುವುದಿಲ್ಲ. ಅಂಥ ಹಾರ್ನ್ ಇದ್ದರೆ ಅದಕ್ಕೆ ಬೇರೆ ರಿಲೇ, ಬೇರೆ ಫ್ಯೂಸ್ ಕೊಡಿ.

ಹಾಗಿಲ್ಲದೆ ಕಂಪನಿ ಹಾರ್ನೇ ಇದ್ದರೆ ಶಾರ್ಟ್ ಹುಡುಕಬೇಕು. ಒಂದೊಂದು ಪ್ರಯತ್ನಕ್ಕೆ ಒಂದೊಂದು ಫ್ಯೂಸ್ ಸುಡುವುದು ಬೇಡ. ಆ 21 ವ್ಯಾಟ್ ಬಲ್ಬನ್ನು ಫ್ಯೂಸಿನ ಜಾಗದಲ್ಲಿ ಎರಡು ಕ್ಲಿಪ್ಪಿನ ನಡುವೆ ಸೇರಿಸಿ. ನೇರ ಶಾರ್ಟ್ ಆದರೂ ಅದರ ಮೂಲಕ ಹರಿಯುವುದು ಎರಡು ಆಂಪಿಗಿಂತ ಕಡಿಮೆ, ಏನೂ ಸುಡುವುದಿಲ್ಲ. ಆದರೆ ಇಲ್ಲಿ ಒಂದು ಕಡೆ ಎಲ್ಲರೂ ಎಡವುತ್ತಾರೆ: ಹಿಂದಿನ ಎರಡೂ ಬ್ರೇಕ್ ಬಲ್ಬ್ ಹಾಗೇ ಬಿಟ್ಟು ಪೆಡಲ್ ಒತ್ತಿದರೆ ಕರೆಂಟ್ ಅವುಗಳ ಮೂಲಕವೇ ಹರಿದು ನಿಮ್ಮ ಪರೀಕ್ಷೆಯ ಬಲ್ಬ್ ಜೋರಾಗಿ ಹತ್ತುತ್ತದೆ, ನೀವು ಶಾರ್ಟ್ ಎಂದುಕೊಳ್ಳುತ್ತೀರಿ. ಆದ್ದರಿಂದ ಮೊದಲು ಎರಡೂ ಬ್ರೇಕ್ ಬಲ್ಬ್ ಕಿತ್ತಿಡಿ, ಹಾರ್ನಿನ ವೈರ್ ಬಿಡಿಸಿಡಿ. ಈಗ ಪರೀಕ್ಷೆಯ ಬಲ್ಬ್ ಆರಿಯೇ ಇರಬೇಕು. ಪೆಡಲ್ ಒತ್ತದೆಯೇ ಹತ್ತಿದ್ದರೆ ದೋಷ ಫ್ಯೂಸಿನಿಂದ ಬ್ರೇಕ್ ಸ್ವಿಚ್ಚಿನವರೆಗೆ ಅಥವಾ ಹಾರ್ನಿನ ದಾರಿಯಲ್ಲಿದೆ. ಪೆಡಲ್ ಒತ್ತಿದಾಗ ಮಾತ್ರ ಹತ್ತಿದರೆ ಸ್ವಿಚ್ಚಿನಿಂದ ಹಿಂದಕ್ಕೆ ಹೋಗುವ ವೈರ್. ಏನೂ ಹತ್ತದಿದ್ದರೆ ಒಬ್ಬರು ಪೆಡಲ್ ಒತ್ತಿಕೊಂಡಿರಲಿ, ನೀವು ವೈರಿನ ಕಟ್ಟನ್ನು ಗೇಣು ಗೇಣಾಗಿ ಅಲುಗಾಡಿಸುತ್ತ ಹೋಗಿ. ಬಲ್ಬ್ ಮಿಣುಕಿದ ಜಾಗದಲ್ಲೇ ನಿಮ್ಮ ಕಳ್ಳ ಇದ್ದಾನೆ.

ನಾನಾದರೆ ಮೊದಲು ನೋಡುವುದು ಹಿಂದಿನ ಲ್ಯಾಂಪಿನ ಹೋಲ್ಡರ್. ಗಾಜಿನ ರಬ್ಬರ್ ಗಟ್ಟಿಯಾಗಿ ನೀರು ಇಳಿದು ಒಳಗೆ ಹಸಿರು ಪುಡಿ ಕೂತಿರುತ್ತದೆ. ಅಲ್ಲಿ 21/5 ವ್ಯಾಟಿನ ಎರಡು ಫಿಲಮೆಂಟಿನ ಬಲ್ಬ್ ಇರುತ್ತದೆ, ಅದರ ಎರಡು ಪಿನ್ ಒಂದೇ ಎತ್ತರದಲ್ಲಿರುವುದಿಲ್ಲ. ಅದರ ಜಾಗಕ್ಕೆ ಒಂದೇ ಕಾಂಟ್ಯಾಕ್ಟಿನ ಬಲ್ಬ್ ತುರುಕಿದರೆ ಬ್ರೇಕ್ ಲೈನೂ ಪಾರ್ಕಿಂಗ್ ಲೈನೂ ಒಳಗೊಳಗೇ ಕೂಡಿಕೊಂಡು ವಿಚಿತ್ರಗಳು ಶುರುವಾಗುತ್ತವೆ. ಬ್ರೇಕ್ ಒತ್ತಿದರೆ ಡ್ಯಾಶ್‌ಬೋರ್ಡಿನ ಮೀಟರಿನ ದೀಪ ಹತ್ತುವುದು ಇದರ ಗುರುತು. ಆಮೇಲೆ ಹಿಂಬಾಗಿಲಿಗೆ ವೈರ್ ಎಳೆದಿದ್ದರೆ ಹಿಂಜಿನ ಹತ್ತಿರ ಅದು ಮಡಚುವ ಜಾಗ, ತಗಡಿನ ತೂತಿನಲ್ಲಿ ರಬ್ಬರ್ ಗ್ರೊಮೆಟ್ ಬಿದ್ದುಹೋಗಿ ಅಂಚು ವೈರನ್ನು ಕೊಯ್ಯುವ ಜಾಗ, ಮ್ಯಾಟಿನ ಕೆಳಗೆ ಇಲಿ ಕಡಿದ ಜಾಗ. ಸೀಟು ಹಿಂದೆಮುಂದೆ ಮಾಡಿಸಿದ ಸ್ಕೂಲ್ ವ್ಯಾನ್ ಆಗಿದ್ದರೆ ಸೀಟಿನ ಬೋಲ್ಟುಗಳ ಬುಡವನ್ನೂ ನೋಡಿ.

ಈಗ ಹೆಡ್‌ಲೈಟ್. ಎರಡೂ ಒಟ್ಟಿಗೆ ಆರುವುದರಿಂದ ದೋಷ ಎರಡಕ್ಕೂ ಸಾಮಾನ್ಯವಾದ ಜಾಗದಲ್ಲಿದೆ: ಫ್ಯೂಸಿನ ಕ್ಲಿಪ್, ಸ್ಟಿಯರಿಂಗ್ ಪಕ್ಕದ ಕಾಂಬಿನೇಷನ್ ಸ್ವಿಚ್, ಇಲ್ಲವೇ ಎರಡೂ ಸೇರುವ ಅರ್ತ್ (ಗಾಡಿಯ ಬಾಡಿಗೆ ಕಟ್ಟಿದ ಮೈನಸ್). ಈ ತಲೆಮಾರಿನ ಮಾರುತಿಗಳಲ್ಲಿ ಹೆಡ್‌ಲೈಟಿನ ಪೂರ್ತಿ ಕರೆಂಟ್ ಆ ಸ್ವಿಚ್ಚಿನ ಮೂಲಕವೇ ಹಾಯುವುದು ಸಾಮಾನ್ಯ, ನಡುವೆ ರಿಲೇ ಇರುವುದಿಲ್ಲ. 60/55 ವ್ಯಾಟಿನ ಎರಡು ಬಲ್ಬಿಗೆ 9 ಆಂಪಿನ ಆಸುಪಾಸು. ಯಾರಾದರೂ 100/90 ಹಾಕಿಸಿದ್ದರೆ ಹೈಬೀಮಿಗೆ 16ರ ಹತ್ತಿರ. ಹದಿನೈದು ವರ್ಷ ಸವೆದ ಕಾಂಟ್ಯಾಕ್ಟು ಇದನ್ನು ತಾಳುವುದಿಲ್ಲ. ದೀಪ ಆರಿದ ಕೂಡಲೇ ಸ್ವಿಚ್ಚಿನ ಕನೆಕ್ಟರ್ ಮುಟ್ಟಿ ನೋಡಿ. ಕೈ ಸುಡುವಷ್ಟು ಬಿಸಿ, ಪ್ಲಾಸ್ಟಿಕ್ ಕಂದು ಬಣ್ಣ, ಮೀನು ಕೆಟ್ಟಂಥ ವಾಸನೆ ಇದ್ದರೆ ಅದೇ. ಮೀಟರಿನಲ್ಲೂ ಹಿಡಿಯಬಹುದು: ದೀಪ ಹತ್ತಿರುವಾಗಲೇ ಡಿಸಿ ವೋಲ್ಟಿನಲ್ಲಿಟ್ಟು ಫ್ಯೂಸ್ ಕ್ಲಿಪ್ಪಿನ ಈಚೆ ಒಂದು ತುದಿ, ಆಚೆ ಒಂದು ತುದಿ. 0.1 ವೋಲ್ಟಿನೊಳಗೆ ಇರಬೇಕು. ಸ್ವಿಚ್ಚಿನ ಆಚೀಚೆ ಅರ್ಧ ವೋಲ್ಟ್ ದಾಟಿದರೆ ಸ್ವಿಚ್ ಬದಲಿಸಿ, ಮತ್ತು ಹೊಸ ಸ್ವಿಚ್ಚಿಗೂ ಅದೇ ಗತಿ ಬರದಂತೆ ಎರಡು ರಿಲೇ ಹಾಕಿಸಿ.

ಆ ರಿಲೇ 12 ವೋಲ್ಟ್, 30 ಅಥವಾ 40 ಆಂಪ್, ನಾಲ್ಕು ಪಿನ್. ಡಿಮ್ಮಿಗೆ ಒಂದು, ಬ್ರೈಟಿಗೆ ಒಂದು. ಬ್ಯಾಟರಿಯಿಂದ 30ನೇ ಪಿನ್ನಿಗೆ 2.5 ಚದರ ಮಿ.ಮೀ. ವೈರ್, ಬ್ಯಾಟರಿಯಿಂದ ಒಂದಡಿಯೊಳಗೆ ಒಂದೊಂದಕ್ಕೂ ಬೇರೆ 15 ಆಂಪ್ ಫ್ಯೂಸ್. ಹಾಗಿದ್ದರೆ ಒಂದು ಹೋದರೂ ಇನ್ನೊಂದರಲ್ಲಿ ಮನೆ ಸೇರಬಹುದು. 87ರಿಂದ ಬಲ್ಬಿಗೆ, 85 ಮತ್ತು 86ರಲ್ಲಿ ಒಂದು ಹಳೆಯ ಸ್ವಿಚ್ಚಿನ ವೈರಿಗೆ, ಇನ್ನೊಂದು ಅರ್ತಿಗೆ (ಸ್ವಿಚ್ ಅರ್ತನ್ನು ಕಡಿಯುವ ಗಾಡಿಯಾದರೆ ಪ್ಲಸ್‌ಗೆ). 85–86ರ ನಡುವಿನ ಕಾಯಿಲ್ (ರಿಲೇಯೊಳಗಿನ ತಂತಿಯ ಸುರುಳಿ) ಎಳೆಯುವುದು 0.15 ಆಂಪಿನಷ್ಟು, ಸ್ವಿಚ್ಚಿಗೆ ಅದು ಲೆಕ್ಕವೇ ಅಲ್ಲ. ರೆಡಿಮೇಡ್ ಹಾರ್ನೆಸ್ (ರಿಲೇ, ಸಾಕೆಟ್ ಸಮೇತ ಸಿದ್ಧ ವೈರಿನ ಕಟ್ಟು) ಕೊಳ್ಳುವವರಿಗೆ ಒಂದು ಎಚ್ಚರಿಕೆ: ಕೆಲವು ಜಪಾನೀ ವಿನ್ಯಾಸದ ಗಾಡಿಗಳಲ್ಲಿ ಬಲ್ಬಿಗೆ ಪ್ಲಸ್ ಸದಾ ಇರುತ್ತದೆ, ಸ್ವಿಚ್ ಕಡಿಯುವುದು ಅರ್ತನ್ನು. ಬಲ್ಬ್ ಸಾಕೆಟ್ಟಿನ ಮೂರು ತಂತಿಯಲ್ಲಿ ಯಾವುದಕ್ಕೆ 12 ವೋಲ್ಟ್ ಬರುತ್ತಿದೆ ಎಂದು ಅಳೆಯದೆ, ಡಿಮ್, ಬ್ರೈಟ್ ಎರಡಕ್ಕೂ ಸೇರಿದ ಪಿನ್ನನ್ನು ಬಾಡಿಗೆ ಕಟ್ಟುವ ಹಾರ್ನೆಸ್ ಸಿಕ್ಕಿಸಿದರೆ ನೇರ ಶಾರ್ಟ್ ಮಾಡಿದಂತೆ.

ರಿಲೇ ಪರೀಕ್ಷೆ: 85–86ರ ನಡುವೆ ಮೀಟರ್ ಸುಮಾರು 70ರಿಂದ 120 ಓಮ್ ತೋರಿಸಬೇಕು. ಅನಂತ ತೋರಿಸಿದರೆ ಕಾಯಿಲ್ ಕಡಿದಿದೆ. ಆಮೇಲೆ 12 ವೋಲ್ಟ್ ಕೊಟ್ಟರೆ ಟಿಕ್ ಎನ್ನಬೇಕು. ಟಿಕ್ ಎಂದ ಮಾತ್ರಕ್ಕೆ ಸರಿಯಿದೆ ಎಂದಲ್ಲ. ಒಳಗಿನ ಕಾಂಟ್ಯಾಕ್ಟ್ ಸುಟ್ಟಿದ್ದರೂ ಟಿಕ್ ಎನ್ನುತ್ತದೆ. ಲೋಡ್ ಓಡುತ್ತಿರುವಾಗ 30–87ರ ನಡುವೆ 0.2 ವೋಲ್ಟಿಗಿಂತ ಹೆಚ್ಚು ಕಂಡರೆ ಅನುಮಾನಿಸಿ, 0.5 ಕಂಡರೆ ಎಸೆಯಿರಿ. ಬೆಳಿಗ್ಗೆ, ರಾತ್ರಿಯಿಡೀ ನಿಂತ ಗಾಡಿಯಲ್ಲಿ ಒಂದು ರಿಲೇ ಮಾತ್ರ ಬೆಚ್ಚಗಿದ್ದರೆ ಅದರ ಕಾಯಿಲಿಗೆ ಎಲ್ಲಿಂದಲೋ ಕರೆಂಟ್ ಹೋಗುತ್ತಲೇ ಇದೆ, ಬ್ಯಾಟರಿ ಇಳಿಯುವುದೂ ಅದರಿಂದಲೇ. ಜಪಾನೀ ಮಾದರಿಯ ರಿಲೇಗಳ ಮೇಲೆ 30, 87 ಎಂಬ ನಂಬರ್ ಇಲ್ಲದಿರಬಹುದು, ಮೈಮೇಲೆ ಮುದ್ರಿಸಿದ ಚಿತ್ರ ನೋಡಿಯೇ ಪಿನ್ ಗುರುತಿಸಿ. ಚಿತ್ರದಲ್ಲಿ ಕಾಯಿಲಿನ ಪಕ್ಕ ಡಯೋಡ್ ಇದ್ದರೆ ಪ್ಲಸ್ ಮೈನಸ್ ತಿರುಗಿಸಬೇಡಿ. ಐದು ಪಿನ್ನಿನದು ತರುವಾಗ ಮಧ್ಯದ ಪಿನ್ 87ಎಯೋ ಇನ್ನೊಂದು 87ಓ ನೋಡಿ. 87ಎ ರಿಲೇ ಸುಮ್ಮನಿದ್ದಾಗ 30ಕ್ಕೆ ಕೂಡಿಕೊಂಡಿರುತ್ತದೆ, ಟಿಕ್ ಎಂದಾಗ ಬಿಟ್ಟುಕೊಳ್ಳುತ್ತದೆ.

ಎಂಪಿಎಫ್‌ಐ ಗಾಡಿಯಾದ್ದರಿಂದ ಪೆಟ್ರೋಲ್ ಪಂಪಿಗೂ ರಿಲೇ ಇದೆ. ಕೀ ಆನ್ ಮಾಡಿದಾಗ ಟ್ಯಾಂಕಿನ ಕಡೆಯಿಂದ ಎರಡು ಮೂರು ಸೆಕೆಂಡ್ ‘ಜುಯ್’ ಎಂಬ ಸದ್ದು ಬಂದು ನಿಲ್ಲಬೇಕು. ಇಸಿಯು (ಎಂಜಿನ್ ನಡೆಸುವ ಕಂಪ್ಯೂಟರ್) ವೈರುಗಳಿಗೆ ಟೆಸ್ಟ್ ಲ್ಯಾಂಪ್ ಮುಟ್ಟಿಸಬೇಡಿ, ಅಲ್ಲಿ ಮಲ್ಟಿಮೀಟರ್ ಮಾತ್ರ.

ಫ್ಯೂಸ್ ಕೊಳ್ಳುವಾಗ ಹಳೆಯದನ್ನು ಜೇಬಿನಲ್ಲಿಟ್ಟುಕೊಂಡು ಹೋಗಿ. ಸಾಮಾನ್ಯ ಬ್ಲೇಡ್ ಸುಮಾರು 19 ಮಿ.ಮೀ. ಅಗಲ, ಮಿನಿ 11. ಒಂದರ ಜಾಗಕ್ಕೆ ಇನ್ನೊಂದನ್ನು ತುರುಕಿದರೆ ಕ್ಲಿಪ್ ಹಾಳು. ಬಣ್ಣ ಎಲ್ಲ ಕಂಪನಿಗೂ ಒಂದೇ: 10 ಕೆಂಪು, 15 ನೀಲಿ, 20 ಹಳದಿ, 30 ಹಸಿರು. ಬೆಂಗಳೂರಿನವರಿಗೆ ಜೆ.ಸಿ. ರಸ್ತೆ ಇದ್ದೇ ಇದೆ, ಉಳಿದ ಊರುಗಳಲ್ಲಿ ಆಟೋ ಎಲೆಕ್ಟ್ರಿಕಲ್ ಅಂಗಡಿ. ಹಾಕುವ ಮೊದಲು ಬ್ಯಾಟರಿಯ ಮೈನಸ್ ಬಿಡಿಸಿ, ಕ್ಲಿಪ್ಪಿಗೆ ಕಾಂಟ್ಯಾಕ್ಟ್ ಕ್ಲೀನರ್ ಹೊಡೆದು ಒಣಗಲು ಬಿಡಿ. ಉಪ್ಪುಕಾಗದ ಹಾಕಿ ಉಜ್ಜಬೇಡಿ, ಮೇಲಿನ ತವರದ ಲೇಪ ಹೋಗಿ ಮುಂದಿನ ಮಳೆಗಾಲಕ್ಕೇ ಮತ್ತೆ ಹಸಿರು ಬರುತ್ತದೆ. ಫ್ಯೂಸ್ ಒಳಹೋಗುವಾಗ ಬಿಗಿ ಅನ್ನಿಸಬೇಕು. ಜಾರಿ ಕೂತರೆ ಸಣ್ಣ ಸೂಜಿಯಲ್ಲಿ ಕ್ಲಿಪ್ಪಿನ ತುಟಿಯನ್ನು ಒಂಚೂರು ಒಳಗೆ ಒತ್ತಿ. ಸುಟ್ಟು ನೀಲಿಗಟ್ಟಿದ ಕ್ಲಿಪ್ಪಿಗೆ ಬಿಗಿ ಮತ್ತೆ ಬರುವುದಿಲ್ಲ, ವೈರ್ ಸಮೇತ ಕತ್ತರಿಸಿ ಹೊಸ ಟರ್ಮಿನಲ್ ಕ್ರಿಂಪ್ ಮಾಡಿಸಬೇಕು. ಫ್ಯೂಸ್ ಬಾಕ್ಸಿನ ಮೇಲೆ ಹಸಿರು ಕಂಡಿದ್ದರೆ ಮುಂದಿನ ಗಾಜಿನ ಬೀಡಿಂಗ್ ಮೇಲೆ ಒಂದು ಚೊಂಬು ನೀರು ಸುರಿದು ಒಳಗೆ ಎಲ್ಲಿಳಿಯುತ್ತದೆ ನೋಡಿ.

ಎಲ್ಲ ಮುಗಿದ ಮೇಲೆ ಎಂಜಿನ್ ಓಡುತ್ತಿರುವಾಗಲೇ ಹೆಡ್‌ಲೈಟ್ ಹಾಕಿ ಕಾಲು ಗಂಟೆ ಬಿಡಿ. ಆಮೇಲೆ ಫ್ಯೂಸುಗಳ ತಲೆ, ಸ್ವಿಚ್ಚಿನ ಕನೆಕ್ಟರ್, ಹೊಸ ರಿಲೇ ಒಂದೊಂದಾಗಿ ಮುಟ್ಟಿ. ಬೆಚ್ಚಗಿದ್ದರೆ ಸರಿ. ಬೆರಳು ಹತ್ತು ಸೆಕೆಂಡ್ ಇಡಲಾಗದಷ್ಟು ಬಿಸಿಯಿದ್ದ ಜಾಗವನ್ನು ಮತ್ತೆ ಬಿಚ್ಚಿ.