ಬಯಾಪ್ಸಿಯಲ್ಲಿ ಕ್ಯಾನ್ಸರ್ ಇಲ್ಲವೆಂದು ಬಂದ ಮೇಲೂ ಇನ್ನೊಮ್ಮೆ ಏಕೆ?

ನಿಮ್ಮ ತಂದೆಯವರಿಗೆ ಮೂರು ತಿಂಗಳಿಂದ ನಾಲ್ಕು ತುತ್ತಿಗೇ ಹೊಟ್ಟೆ ತುಂಬುತ್ತಿದೆ, ತೂಕವೂ ಇಳಿದಿದೆ. ಎಂಡೋಸ್ಕೋಪಿಯಲ್ಲಿ ತೆಗೆದ ಬಯಾಪ್ಸಿಯ ವರದಿ 'ಕ್ಯಾನ್ಸರ್ ಕಂಡುಬಂದಿಲ್ಲ' ಎಂದಿದ್ದರೂ ವೈದ್ಯರು ಮತ್ತೆ ಮಾಡಬೇಕೆನ್ನುತ್ತಿದ್ದಾರೆ; ಇದು ದುಡ್ಡು ಕೀಳುವ ಉಪಾಯವೇ ಎಂದು ಕೇಳಿದ್ದೀರಿ. ಅಂಥ ವರದಿಗಳನ್ನು ಬರೆಯುವ ಪೆಥಾಲಜಿಸ್ಟ್ ನಾನು. ಈ ಬಾರಿ ನಿಮ್ಮ ವೈದ್ಯರ ಪರವಾಗಿಯೇ ಮಾತನಾಡುತ್ತೇನೆ.

ನನ್ನ ಮೇಜಿಗೆ ಇಡೀ ಜಠರವೇನೂ ಬರುವುದಿಲ್ಲ. ಫಾರ್ಮಾಲಿನ್ ಸೀಸೆಯ ತಳದಲ್ಲಿ ಎಳ್ಳುಕಾಳಿನಷ್ಟು ದೊಡ್ಡ ನಾಲ್ಕಾರು ಚೂರುಗಳು ಬರುತ್ತವೆ. ಅವನ್ನು ಮೇಣದಲ್ಲಿ ಹುದುಗಿಸಿ, ಮೂರು-ನಾಲ್ಕು ಮೈಕ್ರಾನ್ ತೆಳುವಿಗೆ ಕೊಯ್ದು, ಬಣ್ಣ ಹಾಕಿ ನೋಡುತ್ತೇವೆ. 'ಕಂಡುಬಂದಿಲ್ಲ' ಎಂದರೆ ಆ ಚೂರುಗಳಲ್ಲಿ ಕಂಡುಬಂದಿಲ್ಲ, ಅಷ್ಟೇ.

ಜಠರದ ಕ್ಯಾನ್ಸರನ್ನು ಫಿನ್ಲೆಂಡಿನ ಪೆಥಾಲಜಿಸ್ಟ್ ಪೆಕ್ಕಾ ಲೌರೆನ್ 1965ರಲ್ಲಿ ಮುಖ್ಯವಾಗಿ ಎರಡು ಬಗೆಯಾಗಿ ವಿಂಗಡಿಸಿದರು. ಒಂದು, ಗ್ರಂಥಿಗಳ ಆಕಾರದಲ್ಲಿ ಬೆಳೆಯುವಂಥದ್ದು. ಸಾಮಾನ್ಯವಾಗಿ ಗಡ್ಡೆಯಾಗಿಯೋ ಹುಣ್ಣಾಗಿಯೋ ಕಾಣುತ್ತದೆ, ಬಯಾಪ್ಸಿ ತೆಗೆಯುವ ಇಕ್ಕಳಕ್ಕೂ ಸಿಗುತ್ತದೆ. ಕಾಡುವುದು ಇನ್ನೊಂದು. ಜೀವಕೋಶಗಳನ್ನು ಪರಸ್ಪರ ಅಂಟಿಸಿಡುವ ಇ-ಕ್ಯಾಡ್ಹೆರಿನ್ ಎಂಬ ಪ್ರೋಟೀನು ಇದರಲ್ಲಿ ಹಲವು ವೇಳೆ ಕೈಕೊಟ್ಟಿರುತ್ತದೆ. ಹಾಗಾಗಿ ಕೋಶಗಳು ಗುಂಪು ಕಟ್ಟದೆ ಒಂಟಿಯಾಗಿ ನುಸುಳಿ ಕೆಳಗಿನ ಪದರಗಳಿಗೆ ಇಳಿಯುತ್ತವೆ. ಜಠರದ ಗೋಡೆ ತೊಗಲಿನ ಚೀಲದಂತೆ ಬಿರುಸಾಗುತ್ತದೆ, ಎಂಡೋಸ್ಕೋಪಿಯಲ್ಲಿ ಗಾಳಿ ಊದಿದರೂ ಹಿಗ್ಗುವುದಿಲ್ಲ. ನಾಲ್ಕೇ ತುತ್ತಿಗೆ ಹೊಟ್ಟೆ ತುಂಬುವುದಕ್ಕೆ ಇದೂ ಒಂದು ಕಾರಣವಾಗಬಹುದು. ಒಳಮೈಯ ಲೋಳೆಪೊರೆ ಮಾತ್ರ ಕೆಲವೊಮ್ಮೆ ಏನೂ ಆಗಿಲ್ಲವೆಂಬಂತಿರುತ್ತದೆ. ಗೋಡೆಯ ಸುಣ್ಣವನ್ನಷ್ಟೇ ಕೆರೆದು ತಂದುಕೊಟ್ಟರೆ ಒಳಗಿನ ಇಟ್ಟಿಗೆಯ ಸ್ಥಿತಿಯನ್ನು ನಾನು ಹೇಗೆ ಹೇಳಲಿ?

ನಾನೇ ಎಡವುವುದರಲ್ಲಿದ್ದೆ. ಒಂದು ಸಂಜೆ 'ದೀರ್ಘಕಾಲದ ಜಠರದ ಉರಿಯೂತ' ಎಂದು ಬರೆದು ಸಹಿ ಹಾಕುವ ಮುನ್ನ ಸ್ಲೈಡನ್ನು ಮತ್ತೊಮ್ಮೆ ಸರಿಸಿದೆ. ಚೂರಿನ ಒಂದು ಅಂಚಿನಲ್ಲಿ ಐದಾರು ದುಂಡು ಕೋಶಗಳಿದ್ದವು: ಒಳಗೆಲ್ಲ ಲೋಳೆ ತುಂಬಿ, ಕೋಶಕೇಂದ್ರ ಒಂದು ಬದಿಗೆ ಒತ್ತಿಹೋಗಿ, ಥೇಟ್ ಹರಳಿನ ಉಂಗುರದಂತೆ. ಲೋಳೆ ನುಂಗಿದ ನಿರಪಾಯದ ಬಿಳಿ ರಕ್ತಕಣಗಳೂ ಹೀಗೆಯೇ ಕಾಣುವುದುಂಟು. ಮರುದಿನ ಸೈಟೋಕೆರಟಿನ್ ಪರೀಕ್ಷೆ ಮಾಡಿಸಿದೆ; ಇದರಲ್ಲಿ ಒಳಪೊರೆಯಿಂದ ಹುಟ್ಟಿದ ಕೋಶಗಳು, ಕ್ಯಾನ್ಸರಿನವೂ ಸೇರಿ, ಕಂದುಬಣ್ಣಕ್ಕೆ ತಿರುಗುತ್ತವೆ, ಬಿಳಿ ರಕ್ತಕಣಗಳು ತಿರುಗುವುದಿಲ್ಲ. ಐದಾರಲ್ಲ, ಇಪ್ಪತ್ತಕ್ಕೂ ಹೆಚ್ಚು ಕೋಶಗಳು ಕಂದುಬಣ್ಣಕ್ಕೆ ತಿರುಗಿದ್ದವು. ಅದು ಕ್ಯಾನ್ಸರೇ.

ನಿಮ್ಮ ತಂದೆಯವರಿಗೂ ಇದೇ ಆಗಿದೆ ಎಂದು ಹೇಳುತ್ತಿಲ್ಲ. ಆದರೆ ಲಕ್ಷಣಕ್ಕೂ ವರದಿಗೂ ತಾಳೆಯಾಗದಿದ್ದಾಗ ಮತ್ತೆ ನೋಡುವುದೇ ಸರಿ. ಈ ಬಾರಿ ಚೂರುಗಳನ್ನು ಹೆಚ್ಚು ತೆಗೆಯುತ್ತಾರೆ. ಹುಣ್ಣಿದ್ದರೆ ಅಂಚು ಮತ್ತು ತಳ ಎರಡರಿಂದಲೂ, ಗೋಡೆ ಗಟ್ಟಿಯಾಗಿದ್ದರೆ ತೆಗೆದ ಜಾಗದಲ್ಲೇ ಇನ್ನೂ ಆಳಕ್ಕೆ. ಎಂಡೋಸ್ಕೋಪಿಯ ಮೂಲಕವೇ ಅಲ್ಟ್ರಾಸೌಂಡ್ ಮಾಡಿ ಗೋಡೆಯ ದಪ್ಪವನ್ನು ನೋಡುವುದೂ ಉಂಟು. ತಂದೆಯವರು ಆಸಿಡಿಟಿ ಮಾತ್ರೆ ನುಂಗುತ್ತಿದ್ದರೆ ತಪ್ಪದೆ ತಿಳಿಸಿ, ಕ್ಯಾನ್ಸರಿನ ಹುಣ್ಣು ಕೂಡ ಅದರಿಂದ ಮೇಲ್ನೋಟಕ್ಕೆ ಮಾಯ್ದಂತೆ ಕಾಣಬಲ್ಲದು. ಮಾತ್ರೆಯನ್ನು ನೀವಾಗಿಯೇ ನಿಲ್ಲಿಸಬೇಡಿ.

ಮೊದಲ ಪ್ರಯೋಗಾಲಯದಿಂದ ಹಳೆಯ ಸ್ಲೈಡುಗಳನ್ನೂ ಮೇಣದ ಬ್ಲಾಕುಗಳನ್ನೂ ಕೇಳಿ ಪಡೆದುಕೊಂಡು ಹೋಗಿ. ಬರೀ ವರದಿಯ ಹಾಳೆಯಿಂದ ನಮಗೆ ಹೆಚ್ಚು ಪ್ರಯೋಜನವಿಲ್ಲ.