ಡೆಫಿನಿಷನ್ ಬಾಯಿಪಾಠ, ಬಿಲ್ ಮಾತ್ರ ಸೊನ್ನೆ

ಪ್ರಶ್ನೆ: ಬಿಸಿಎ ಓದುತ್ತಿದ್ದೇನೆ. ಕ್ಲಾಸ್, ಇನ್‌ಹೆರಿಟೆನ್ಸ್, ಪಾಲಿಮಾರ್ಫಿಸಂ ಎಲ್ಲದರ ಡೆಫಿನಿಷನ್ ಬಾಯಿಪಾಠ. ಬ್ಯಾಡಗಿ ಪೇಟೆಯ ದಲಾಲಿ ಅಂಗಡಿಗೆ ಬಿಲ್ ಮಾಡುವ ಜಾವಾ ಪ್ರಾಜೆಕ್ಟ್ ಶುರು ಮಾಡಿದೆ. ಮೆಣಸಿನಕಾಯಿ ಅಂತ ಒಂದು ಕ್ಲಾಸ್, ಅದಕ್ಕೆ ಡಬ್ಬಿ, ಕಡ್ಡಿ ತಳಿಗಳ ಹೆಸರಲ್ಲಿ ಸಬ್‌ಕ್ಲಾಸ್. ಮುಂದೆ ದಾರಿ ಕಾಣುತ್ತಿಲ್ಲ. ಚೀಲದ ಕೆಜಿಯನ್ನು 100ರಿಂದ ಭಾಗಿಸಿ ಕ್ವಿಂಟಲ್ ರೇಟಿಗೆ ಗುಣಿಸಿದರೆ ಬಿಲ್ ಸೊನ್ನೆ ಬರುತ್ತದೆ.
– ಓದುಗರು, ಹಾವೇರಿ

ಉತ್ತರ: ಆ ಎರಡೂ ಸಬ್‌ಕ್ಲಾಸ್ ಅಳಿಸಿಬಿಡಿ. ಡಬ್ಬಿಗೂ ಕಡ್ಡಿಗೂ ರೇಟು ಬೇರೆ ಇರಬಹುದು, ಬಿಲ್ ಹಾಕುವ ರೀತಿ ಒಂದೇ. ಲೆಕ್ಕದ ರೀತಿ ಬದಲಾಗದ ಕಡೆ ಇನ್‌ಹೆರಿಟೆನ್ಸ್ ಯಾಕೆ? ತಳಿಗೆ ಒಂದು ಎನಮ್ (ನಿಗದಿತ ಹೆಸರುಗಳ ಪಟ್ಟಿ) ಸಾಕು.

ನಿಮಗೆ ಬೇಕಾದ ಕ್ಲಾಸ್ ‘ಲಾಟ್’, ಅಂದರೆ ಒಟ್ಟಿಗೆ ಮಾರುವ ಚೀಲಗಳ ಗುಂಪು. ಅದರೊಳಗೆ ತಳಿ, ರೇಟು, ಚೀಲಗಳ ತೂಕದ ಲಿಸ್ಟ್, ಮೂರೂ ಪ್ರೈವೇಟ್, ಅಂದರೆ ಹೊರಗಿನ ಕೋಡ್ ನೇರ ಮುಟ್ಟುವಂತಿಲ್ಲ. ಚೀಲ ಸೇರಿಸಲು ಒಂದು ಮೆಥಡ್ ಇಡಿ. ತೂಕ ಸೊನ್ನೆ ಅಥವಾ ಮೈನಸ್ ಬಂದರೆ ಅಲ್ಲೇ ಎಕ್ಸೆಪ್ಷನ್ ಎಸೆಯಲಿ. ಎಲ್ಲ ಫೀಲ್ಡಿಗೂ ಗೆಟರ್ (ಓದುವ ಮೆಥಡ್), ಸೆಟರ್ (ಬದಲಿಸುವ ಮೆಥಡ್) ಒಮ್ಮೆಲೇ ಜನರೇಟ್ ಮಾಡುವ ಚಟ ಬಿಡಿ. ಗೆಟರ್ ಒಳಗಿನ ಲಿಸ್ಟನ್ನೇ ಕೊಟ್ಟರೆ ಯಾರು ಬೇಕಾದರೂ ಅದರಿಂದ ಚೀಲ ತೆಗೆದುಹಾಕಬಹುದು, ಪ್ರೈವೇಟ್ ಬರೀ ಹೆಸರಿಗೆ. ಜಾವಾ 10ರಲ್ಲಿ ಬಂದ ಲಿಸ್ಟ್ ಡಾಟ್ ಕಾಪಿಆಫ್‌ನಿಂದ ನಕಲು ಕೊಡಿ.

ಇನ್ನು ಸೊನ್ನೆಯ ವಿಚಾರ. ಇಂಟ್ (ಪೂರ್ಣಾಂಕದ ಟೈಪ್) ಅನ್ನು ಇಂಟ್‌ನಿಂದ ಭಾಗಿಸಿದರೆ ಜಾವಾ ದಶಮಾಂಶ ಬಿಟ್ಟುಬಿಡುತ್ತದೆ. 40 ಭಾಗಿಸು 100 ಅಂದರೆ 0. ಹಾಗಂತ ದುಡ್ಡಿಗೆ ದಶಮಾಂಶದ ಟೈಪ್ ಆದ ಡಬಲ್ ಹಾಕಬೇಡಿ, ಅದರಲ್ಲಿ 0.1ಕ್ಕೆ 0.2 ಕೂಡಿಸಿದರೆ ಸರಿಯಾಗಿ 0.3 ಬರುವುದಿಲ್ಲ. ಪೈಸೆಯಲ್ಲಿ ಲೆಕ್ಕ ಹಿಡಿಯಿರಿ. ಕ್ವಿಂಟಲ್‌ಗೆ 20,000 ರೂಪಾಯಿ ಅಂದರೆ ಕೆಜಿಗೆ 20,000 ಪೈಸೆ, ಭಾಗಾಕಾರವೇ ಬೇಡ! 40 ಕೆಜಿಗೆ 8,00,000 ಪೈಸೆ, ಅಂದರೆ 8,000 ರೂಪಾಯಿ. ಟೈಪ್ ಲಾಂಗ್ (ಇನ್ನೂ ದೊಡ್ಡ ಪೂರ್ಣಾಂಕ ಹಿಡಿಯುವುದು) ಇರಲಿ. ಇಂಟ್ ಆದರೆ ಸುಮಾರು 2 ಕೋಟಿ 14 ಲಕ್ಷ ರೂಪಾಯಿ ದಾಟಿದ ಕೂಡಲೇ ಮೊತ್ತ ಮೈನಸ್‌ಗೆ ತಿರುಗುತ್ತದೆ.

ಪಾಲಿಮಾರ್ಫಿಸಂ, ಅಂದರೆ ಒಂದೇ ಕರೆಗೆ ಬೇರೆ ಬೇರೆ ಕ್ಲಾಸ್ ತಂತಮ್ಮ ರೀತಿ ಉತ್ತರಿಸುವುದು, ನಿಜವಾಗಿ ಬೇಕಾಗುವುದು ಖರ್ಚಿನ ಲೆಕ್ಕದಲ್ಲಿ. ಹಮಾಲಿ ಚೀಲಕ್ಕಿಷ್ಟು, ಕಮಿಷನ್ ಮೊತ್ತಕ್ಕೆ ಶೇಕಡಾ ಇಷ್ಟು. ‘ಖರ್ಚು’ ಎಂಬ ಇಂಟರ್‌ಫೇಸ್ ಬರೆದು, ಲಾಟ್ ತೆಗೆದುಕೊಂಡು ಪೈಸೆ ಹಿಂದಿರುಗಿಸುವ ಒಂದೇ ಮೆಥಡ್ ಇಡಿ. ಹಮಾಲಿ, ಕಮಿಷನ್ ಅದನ್ನು ತಂತಮ್ಮ ರೀತಿಯಲ್ಲಿ ಇಂಪ್ಲಿಮೆಂಟ್ ಮಾಡಲಿ. ಬಿಲ್ ಕ್ಲಾಸ್ ಖರ್ಚುಗಳ ಲಿಸ್ಟ್ ಮೇಲೆ ಲೂಪ್ ಓಡಿಸಿದರಾಯಿತು. ನಾಳೆ ತೂಕದ ಕೂಲಿ ಸೇರಿಸಿ ನೋಡಿ: ಬಿಲ್ ಕ್ಲಾಸ್‌ನಲ್ಲಿ ಇಫ್ ಬರೆಯಬೇಕಾಗಿ ಬಂದರೆ ಡಿಸೈನ್ ಇನ್ನೂ ಸರಿಯಾಗಿಲ್ಲ.

ಪ್ರಶ್ನೆ: ಮೂರು ಆಬ್ಜೆಕ್ಟ್ ಮಾಡಿದರೂ ಮೂರರಲ್ಲೂ ಕೊನೆಯದರ ಹೆಸರೇ ಪ್ರಿಂಟ್ ಆಗುತ್ತದೆ. ಯಾಕೆ?
– ಓದುಗರು, ಗದಗ

ಉತ್ತರ: ಹೆಸರಿನ ಫೀಲ್ಡ್‌ಗೆ ಸ್ಟ್ಯಾಟಿಕ್ ಹಾಕಿದ್ದೀರಾ ನೋಡಿ. ಮೇನ್ ಮೆಥಡ್‌ನಿಂದ ನೇರ ಮುಟ್ಟಲು ಹೋದಾಗ ಬರುವ ಎರರ್ ತಪ್ಪಿಸಲು ಹಾಗೆ ಹಾಕುವುದುಂಟು. ಸ್ಟ್ಯಾಟಿಕ್ ಫೀಲ್ಡ್ ಇಡೀ ಕ್ಲಾಸಿಗೆ ಒಂದೇ. ಸ್ಟ್ಯಾಟಿಕ್ ಪದ ತೆಗೆದು, ಮೇನ್‌ನಲ್ಲಿ ಆಬ್ಜೆಕ್ಟ್ ಮೂಲಕವೇ ಕರೆಯಿರಿ.