ಪ್ಯಾಪ್ ಸ್ಮಿಯರ್ ನಾರ್ಮಲ್ ಬಂದರೂ ಆ ಮಚ್ಚೆಯನ್ನು ತೋರಿಸಿ

ಯೋನಿಯ ಹೊರಭಾಗದಲ್ಲಿ ಕಪ್ಪು ಮಚ್ಚೆ, ತುರಿಕೆ, ಪ್ಯಾಪ್ ಸ್ಮಿಯರ್ ನಾರ್ಮಲ್, ಮುಲಾಮು ಹಚ್ಚಿ ಕಾಯಬಹುದಾ ಅಂತ ಕೇಳಿದ್ದೀರಿ. ಉಡುಪಿಯಲ್ಲಿರುವ ನನ್ನ ಅಕ್ಕನಿಗೂ ಹೀಗೇ ಶುರುವಾದದ್ದು.

ಮುಟ್ಟು ನಿಂತು ವರ್ಷಗಳಾಗಿದ್ದವು. ತುರಿಕೆ ಅಂದ ಕೂಡಲೇ ಎಲ್ಲರೂ ಫಂಗಸ್ ಅಂದರು. ಮೆಡಿಕಲ್‌ನಲ್ಲಿ ಒಂದು ಟ್ಯೂಬ್, ಕ್ಲಿನಿಕ್ಕಿನಲ್ಲಿ ಇನ್ನೊಂದು. ಆದರೆ ಯಾರೂ ನೋಡಲಿಲ್ಲ! ನಮಗಾದ ನಷ್ಟವೆಲ್ಲ ಇದೊಂದರಿಂದಲೇ. ಅಕ್ಕ ನಾಚಿಕೆಯಿಂದ "ಕೆಳಗೆ ತುರಿಕೆ" ಅಂತಷ್ಟೇ ಹೇಳುತ್ತಿದ್ದಳು, ಮಚ್ಚೆಯ ಸುದ್ದಿ ಎತ್ತುತ್ತಿರಲಿಲ್ಲ, ಡಾಕ್ಟ್ರು ಮೇಜಿನ ಆಚೆಯಿಂದಲೇ ಚೀಟಿ ಬರೆಯುತ್ತಿದ್ದರು, ಸ್ಟೆರಾಯ್ಡ್ ಬೆರೆತ ಮುಲಾಮಿಗೆ ತುರಿಕೆ ಸ್ವಲ್ಪ ಇಳಿಯುತ್ತಿತ್ತು, ಇಳಿದದ್ದನ್ನೇ ವಾಸಿ ಆಯ್ತು ಅಂದುಕೊಳ್ಳುತ್ತಿದ್ದರು, ಮತ್ತೆ ಶುರುವಾದರೆ ಅದೇ ಟ್ಯೂಬ್. ಅಷ್ಟರಲ್ಲಿ ಎಳ್ಳಿನಷ್ಟಿದ್ದ ಮಚ್ಚೆಯ ಅಂಚು ಹರಡಿ, ಒಂದು ಬದಿ ಕಪ್ಪು, ಒಂದು ಬದಿ ಕಂದು ಆಗಿತ್ತು. ಒಳಚಡ್ಡಿಯಲ್ಲಿ ರಕ್ತದ ಕಲೆ ಕಂಡ ಮೇಲೆ ಮಣಿಪಾಲಕ್ಕೆ ಹೋದದ್ದು. ಚೂರು ತೆಗೆದು ಮಾಡುವ ಬಯಾಪ್ಸಿ ಪರೀಕ್ಷೆಯಲ್ಲಿ ಮೆಲನೋಮ ಅಂತ ಬಂತು, ಅಂದರೆ ಚರ್ಮಕ್ಕೆ ಬಣ್ಣ ಕೊಡುವ ಕೋಶಗಳ ಕ್ಯಾನ್ಸರ್.

ಪ್ಯಾಪ್ ಸ್ಮಿಯರ್ ನೋಡುವುದು ಗರ್ಭಕೋಶದ ಕಂಠದ ಜೀವಕೋಶಗಳನ್ನು. ಹೊರಗಿನ ಚರ್ಮದ ಮಚ್ಚೆಗೂ ಅದಕ್ಕೂ ಸಂಬಂಧ ಇಲ್ಲ. ಆ ರಿಪೋರ್ಟನ್ನು ಧೈರ್ಯಕ್ಕೆ ಇಟ್ಟುಕೊಳ್ಳಬೇಡಿ. ಬಿಸಿಲು ತಾಗದ ಜಾಗ ಅಲ್ವಾ ಅಂತ ನಾವೂ ಕೇಳಿದ್ದೆವು. ಬಣ್ಣ ಕೊಡುವ ಮೆಲನೋಸೈಟ್ ಕೋಶಗಳು ಅಲ್ಲೂ ಇರುತ್ತವೆ, ಈ ಕ್ಯಾನ್ಸರಿಗೆ ಬಿಸಿಲೇ ಬೇಕಂತಿಲ್ಲ. ಕೆಲವರಿಗೆ ಕಪ್ಪಾಗಿಯೂ ಇರುವುದಿಲ್ಲ, ಬರೀ ಕೆಂಪು ಗಂಟು.

ಹೆದರಿಸಲಿಕ್ಕೆ ಹೇಳುತ್ತಿಲ್ಲ. ಇದು ಅಪರೂಪದ ಕಾಯಿಲೆ, ಅಲ್ಲಿ ಬರುವ ಕಪ್ಪು ಮಚ್ಚೆಗಳಲ್ಲಿ ಹೆಚ್ಚಿನವು ನಿರುಪದ್ರವಿ. ಆದರೆ ಬರೀ ಕಣ್ಣಿನಲ್ಲಿ ನೋಡಿ ಖಾತ್ರಿ ಹೇಳುವುದು ಡಾಕ್ಟರಿಗೂ ಕಷ್ಟ, ಸಂಶಯ ಇದ್ದರೆ ಚೂರು ತೆಗೆದು ಪರೀಕ್ಷೆ ಮಾಡಲೇಬೇಕು. ಮರಗಟ್ಟುವ ಇಂಜೆಕ್ಷನ್ ಕೊಟ್ಟು ತೆಗೆಯುತ್ತಾರೆ, ಸಾಮಾನ್ಯವಾಗಿ ಅದೇ ದಿನ ಮನೆಗೆ ಬರಬಹುದು. ಮೆಲನೋಮ ಆದರೆ ಅದು ಎಷ್ಟು ಮಿಲಿಮೀಟರ್ ಆಳಕ್ಕೆ ಇಳಿದಿದೆ ಅಂತ ಅಳೆಯುತ್ತಾರೆ, ಅದಕ್ಕೆ ಬ್ರೆಸ್ಲೋ ದಪ್ಪ ಅನ್ನುತ್ತಾರೆ. ಕಾದಷ್ಟೂ ಆ ಅಂಕೆ ಏರಬಹುದು. ಅಕ್ಕನದ್ದು ಏರಿತ್ತು. ಮಚ್ಚೆಯನ್ನು ಸುತ್ತಲಿನ ಚರ್ಮದ ಸಮೇತ ತೆಗೆದರು, ತೊಡೆಸಂದಿಯ ಗ್ರಂಥಿಯನ್ನೂ ಪರೀಕ್ಷೆಗೆ ಕಳಿಸಿದರು, ಈಗ ಇಮ್ಯುನೊಥೆರಪಿ, ಅಂದರೆ ಕ್ಯಾನ್ಸರ್ ವಿರುದ್ಧ ದೇಹದ ರೋಗನಿರೋಧಕ ಶಕ್ತಿಯನ್ನೇ ಎಬ್ಬಿಸುವ ಚಿಕಿತ್ಸೆ, ನಡೀತಾ ಉಂಟು.

ಹಾಗಾಗಿ ಮುಲಾಮಾ, ಕಾಯುವುದಾ ಅನ್ನುವ ಪ್ರಶ್ನೆಯೇ ಬೇಡ. ಈ ವಾರವೇ ಸ್ತ್ರೀರೋಗ ತಜ್ಞರ ಹತ್ತಿರ ಹೋಗಿ, "ಮಚ್ಚೆ ಉಂಟು, ನೋಡಿ" ಅಂತ ಬಾಯಿಬಿಟ್ಟು ಹೇಳಿ. ನೋಡದೆ ಚೀಟಿ ಬರೆದರೆ ಎದ್ದು ಬೇರೆಯವರ ಹತ್ತಿರ ಹೋಗಿ. ಒಬ್ಬರೇ ಹೋಗಲು ಸಂಕೋಚ ಆದರೆ ಮೆಸೇಜ್ ಮಾಡಿ, ಮಣಿಪಾಲಕ್ಕಾದರೆ ನಾನೇ ಜೊತೆಗೆ ಬರುತ್ತೇನೆ.